ಗಂಡ ಹೊಡೆದರೆ ಕಾನೂನಿನಲ್ಲಿ ಏನು ಶಿಕ್ಷೆ? ಠಾಣೆಯ ಮುಚ್ಚಳಿಕೆ ಸಾಕಾ?

ನಿಮ್ಮ ತಂಗಿಗೆ ಗಂಡ ಹೊಡೆದು ಹಲ್ಲು ಮುರಿದಿದ್ದಾನೆ. ಠಾಣೆಯಲ್ಲಿ ಇಬ್ಬರನ್ನೂ ಕೂರಿಸಿ, ಅವನಿಂದ ಮುಚ್ಚಳಿಕೆ ಬರೆಸಿಕೊಂಡು ಮನೆಗೆ ಕಳಿಸಿದ್ದಾರೆ. ಕೇಸ್ ಹಾಕಿದರೆ ಅವನಿಗೆ ಎಷ್ಟು ಶಿಕ್ಷೆ ಆಗುತ್ತದೆ, ತಂಗಿ ಮನೆ ಬಿಡಬೇಕಾಗುತ್ತದಾ ಎಂದು ಕೇಳಿದ್ದೀರಿ. ನಾನು ಜಿಲ್ಲಾ ನ್ಯಾಯಾಲಯದಲ್ಲಿ ವಕೀಲೆ, ಉಚಿತ ಕಾನೂನು ನೆರವಿನ ಪಟ್ಟಿಯಲ್ಲಿದ್ದೇನೆ. ನನ್ನ ಹತ್ತಿರ ಬರುವ ಕೇಸುಗಳಲ್ಲಿ ಇಂಥವೇ ಹೆಚ್ಚು.

ಮೊದಲು ಮುಚ್ಚಳಿಕೆಯ ವಿಷಯ. ‘ಇನ್ನು ಮುಂದೆ ಹೊಡೆಯುವುದಿಲ್ಲ’ ಎಂದು ಠಾಣೆಯಲ್ಲಿ ಬರೆದುಕೊಟ್ಟ ಆ ಹಾಳೆಯನ್ನು ಅವನು ನಾಳೆಯೇ ಮೀರಿದರೂ, ಮೀರಿದ್ದಕ್ಕೆಂದೇ ಯಾವ ಶಿಕ್ಷೆಯೂ ಇಲ್ಲ. ಆದರೆ ಅದನ್ನು ಬಿಸಾಡಬೇಡಿ. ಹೊಡೆದದ್ದನ್ನು ಅವನು ಅದರಲ್ಲಿ ಒಪ್ಪಿಕೊಂಡಿದ್ದರೆ, ಅವನು ಅವಳ ತಂಟೆಗೆ ಬರದಂತೆ ಕೋರ್ಟಿನಿಂದ ಸಂರಕ್ಷಣಾ ಆದೇಶ ಕೇಳುವಾಗ ಅದರ ನಕಲು ಉಪಯೋಗಕ್ಕೆ ಬರುತ್ತದೆ.

ಈಗ ಶಿಕ್ಷೆ. 2024ರ ಜುಲೈ 1ರಿಂದ ಐಪಿಸಿ ಹೋಗಿ ಭಾರತೀಯ ನ್ಯಾಯ ಸಂಹಿತೆ ಬಂದಿದೆ. ಎಲ್ಲರ ಬಾಯಲ್ಲಿರುವ 498ಎ ಈಗ ಕಲಂ 85. ಗಂಡನಾಗಲಿ ಅವನ ಕಡೆಯವರಾಗಲಿ ಹೆಂಡತಿಗೆ ಕ್ರೌರ್ಯ ಎಸಗಿದರೆ 3 ವರ್ಷದವರೆಗೆ ಜೈಲು ಮತ್ತು ದಂಡ. ದೈಹಿಕ ಹಿಂಸೆ ಮಾತ್ರವಲ್ಲ, ಆತ್ಮಹತ್ಯೆಗೆ ದೂಡುವಂಥ ಅಥವಾ ಮನಸ್ಸಿನ ಆರೋಗ್ಯಕ್ಕೆ ತೀವ್ರ ಹಾನಿ ಮಾಡುವಂಥ ನಡತೆ, ದುಡ್ಡು ಒಡವೆಗಾಗಿ ಪೀಡಿಸುವುದು, ಎಲ್ಲವೂ ಇದರಲ್ಲಿ ಬರುತ್ತವೆ. ಬರೀ ಪೆಟ್ಟಿಗೆ ಕಲಂ 115ರಡಿ 1 ವರ್ಷದವರೆಗೆ ಜೈಲು ಅಥವಾ 10,000 ರೂಪಾಯಿವರೆಗೆ ದಂಡ ಅಥವಾ ಎರಡೂ. ಇದೊಂದನ್ನೇ ಹಿಡಿದುಕೊಂಡರೆ ಪೊಲೀಸರು ‘ಇದು ಎನ್‌ಸಿ (ಅಸಂಜ್ಞೇಯ ಅಪರಾಧ), ಕೋರ್ಟಿನ ಅನುಮತಿ ಇಲ್ಲದೆ ನಾವು ನೇರವಾಗಿ ಎಫ್‌ಐಆರ್ ಹಾಕುವ ಹಾಗಿಲ್ಲ’ ಎನ್ನುತ್ತಾರೆ.

ಆದರೆ ನಿಮ್ಮ ತಂಗಿಯ ಹಲ್ಲು ಮುರಿದಿದೆ. ಮೂಳೆಯಾಗಲಿ ಹಲ್ಲಾಗಲಿ ಮುರಿದರೆ ಕಾನೂನಿನ ಕಣ್ಣಲ್ಲಿ ಅದು ತೀವ್ರ ಗಾಯ. ಕಲಂ 117ರಡಿ 7 ವರ್ಷದವರೆಗೆ ಜೈಲು ಮತ್ತು ದಂಡ. ಪೊಲೀಸರು ಎಫ್‌ಐಆರ್ ದಾಖಲಿಸಲೇಬೇಕಾದ ಅಪರಾಧ ಇದು. ಹಾಗಾಗಿ ಇವತ್ತೇ ಸರ್ಕಾರಿ ಆಸ್ಪತ್ರೆಗೆ ಕರೆದುಕೊಂಡು ಹೋಗಿ, ಗಂಡ ಹೊಡೆದದ್ದು ಎಂದು ಸ್ಪಷ್ಟವಾಗಿ ಹೇಳಿ ಎಂಎಲ್‌ಸಿ (ಪೊಲೀಸ್ ಕೇಸಿಗೆ ಬೇಕಾಗುವ ವೈದ್ಯಕೀಯ ದಾಖಲೆ) ಮಾಡಿಸಿ, ಹಲ್ಲಿನ ಎಕ್ಸ್‌ರೇ ತೆಗೆಸಿ. ‘ಬಚ್ಚಲಲ್ಲಿ ಜಾರಿ ಬಿದ್ದೆ’ ಎಂದು ಅವಳು ಮರ್ಯಾದೆಗೆ ಅಂಜಿ ಹೇಳಿಬಿಟ್ಟರೆ, ಮುಂದೆ ಪಾಟೀಸವಾಲಿನಲ್ಲಿ ಎದುರು ವಕೀಲರು ಅದೇ ಮಾತನ್ನು ಹಿಡಿಯುತ್ತಾರೆ. ಕತ್ತಿ, ಬಿಸಿ ಎಣ್ಣೆಯಂಥದ್ದು ಬಳಸಿದ್ದರೆ ಕಲಂ 118, ಕೊಲ್ಲುತ್ತೇನೆಂದು ಬೆದರಿಸಿದ್ದರೆ ಕಲಂ 351 ಕೂಡ ಸೇರುತ್ತದೆ. ಆದ್ದರಿಂದ ದೂರಿನಲ್ಲಿ ‘ಕಿರುಕುಳ ಕೊಟ್ಟ’ ಎಂದು ಒಂದೇ ಮಾತಲ್ಲಿ ಮುಗಿಸಬೇಡಿ. ಯಾವ ದಿನ, ಯಾವುದರಿಂದ, ಎಲ್ಲಿಗೆ ಹೊಡೆದ, ಯಾರು ನೋಡಿದರು, ಎಲ್ಲ ಬರಲಿ.

ದೂರು ತಗೊಳ್ಳದಿದ್ದರೆ ಅದೇ ದೂರನ್ನು ಅಂಚೆಯಲ್ಲಿ ಎಸ್‌ಪಿಗೆ ಕಳಿಸಿ. ಅಲ್ಲೂ ಆಗದಿದ್ದರೆ ಮ್ಯಾಜಿಸ್ಟ್ರೇಟರಿಗೆ ಅರ್ಜಿ. ತಂಗಿ ಈಗ ತವರಿಗೆ ಬಂದಿದ್ದರೆ ನಿಮ್ಮೂರಲ್ಲೇ ಕಲಂ 85ರ ದೂರು ಕೊಡಬಹುದು. ಸುಪ್ರೀಂ ಕೋರ್ಟ್ 2019ರಲ್ಲಿ ರೂಪಾಲಿ ದೇವಿ ಪ್ರಕರಣದಲ್ಲಿ ಇದನ್ನು ಖಚಿತಪಡಿಸಿದೆ.

ಎಫ್‌ಐಆರ್ ಆದ ಕೂಡಲೇ ಅವನನ್ನು ಒಳಗೆ ಹಾಕುತ್ತಾರೆ ಎಂದು ಮಾತ್ರ ಅಂದುಕೊಳ್ಳಬೇಡಿ. 7 ವರ್ಷದವರೆಗಿನ ಶಿಕ್ಷೆಯ ಅಪರಾಧಗಳಲ್ಲಿ ಕಾರಣವಿಲ್ಲದೆ ಬಂಧಿಸುವಂತಿಲ್ಲ ಎಂದು ಸುಪ್ರೀಂ ಕೋರ್ಟಿನ 2014ರ ಅರ್ನೇಶ್ ಕುಮಾರ್ ತೀರ್ಪು ಹೇಳಿದೆ. ಹೆಚ್ಚಾಗಿ ನೋಟಿಸ್ ಕೊಟ್ಟು ಕಳಿಸುತ್ತಾರೆ. ಅವನು ಸಂಜೆಗೆ ಮನೆಗೆ ಬರುತ್ತಾನೆ, ಸಿಟ್ಟಿನಲ್ಲಿ ಬರುತ್ತಾನೆ. ನನಗೆ ಅತಿ ಹೆಚ್ಚು ಭಯವಿರುವುದು ಆ ರಾತ್ರಿಯ ಬಗ್ಗೆಯೇ. ಆ ರಾತ್ರಿ ಅವಳು ಅಲ್ಲಿ ಒಬ್ಬಳೇ ಇರಬಾರದು.

ಇದಕ್ಕಾಗಿಯೇ ಎಫ್‌ಐಆರ್ ಜೊತೆಗೇ 2005ರ ಕೌಟುಂಬಿಕ ದೌರ್ಜನ್ಯ ಕಾಯ್ದೆಯಡಿ ಮ್ಯಾಜಿಸ್ಟ್ರೇಟ್ ಕೋರ್ಟಿನಲ್ಲಿ ಅರ್ಜಿ ಹಾಕಿ ಎನ್ನುತ್ತೇನೆ. ಒಂದನ್ನು ಹಾಕಿದರೆ ಇನ್ನೊಂದು ಹಾಕಬಾರದು ಎಂದೇನಿಲ್ಲ. ತುರ್ತಿದ್ದರೆ ಅವನು ಹಾಜರಾಗುವ ಮೊದಲೇ ಮಧ್ಯಂತರ ಸಂರಕ್ಷಣಾ ಆದೇಶ ಕೊಡುವ ಅಧಿಕಾರ ಮ್ಯಾಜಿಸ್ಟ್ರೇಟರಿಗಿದೆ: ಹೊಡೆಯಬೇಡ, ಅವಳ ಕೆಲಸದ ಜಾಗಕ್ಕೆ ಹೋಗಬೇಡ, ಫೋನ್ ಮಾಡಬೇಡ ಎಂದು. ಈ ಆದೇಶ ಮೀರಿದರೆ ಕಲಂ 31ರ ಪ್ರಕಾರ ಅದೇ ಪ್ರತ್ಯೇಕ ಅಪರಾಧ. 1 ವರ್ಷದವರೆಗೆ ಜೈಲು ಅಥವಾ 20,000 ರೂಪಾಯಿವರೆಗೆ ದಂಡ ಅಥವಾ ಎರಡೂ, ಜಾಮೀನುರಹಿತ. ಅವಳೊಬ್ಬಳ ಸಾಕ್ಷ್ಯದ ಮೇಲೇ ಕೋರ್ಟ್ ಅಪರಾಧ ನಡೆದಿದೆ ಎಂಬ ತೀರ್ಮಾನಕ್ಕೆ ಬರಬಹುದು. ಮುಚ್ಚಳಿಕೆಗೆ ಇಲ್ಲದ ಬಲ ಇದು. ವರ್ಷಗಟ್ಟಲೆ ನಡೆಯುವ ವಿಚಾರಣೆಯ ಕೊನೆಗೆ ಬರುವ ಶಿಕ್ಷೆಗಿಂತ ಇವತ್ತಿನ ಈ ಆದೇಶ ಅವಳಿಗೆ ಹೆಚ್ಚು ಮುಖ್ಯ.

ಮನೆ ಬಿಡಬೇಕಾಗಿಲ್ಲ. ಮನೆ ಯಾರ ಹೆಸರಲ್ಲೇ ಇರಲಿ, ಕೂಡಿ ಬಾಳಿದ ಮನೆಯಲ್ಲಿ ವಾಸಿಸುವ ಹಕ್ಕು ಅವಳಿಗಿದೆ. ಅತ್ತೆ ಮಾವನ ಹೆಸರಿನಲ್ಲಿದ್ದರೂ ಅದು ಕೂಡಿ ಬಾಳಿದ ಮನೆಯಾಗಬಹುದು ಎಂದು ಸುಪ್ರೀಂ ಕೋರ್ಟ್ 2020ರಲ್ಲಿ ಹೇಳಿದೆ. ಅಗತ್ಯ ಕಂಡರೆ ಗಂಡನನ್ನೇ ಹೊರಗಿರುವಂತೆ ಆದೇಶಿಸಬಹುದು. ಜೀವಕ್ಕೆ ಹೆದರಿ ಅವಳು ಹೊರಗೆ ಬಂದರೆ ಹಕ್ಕು ಹೋಯಿತು ಎಂದಲ್ಲ. ಬೇರೆ ಬಾಡಿಗೆ ಮನೆ, ಜೀವನಾಂಶ, ಆಸ್ಪತ್ರೆ ಖರ್ಚು, ಮಕ್ಕಳ ತಾತ್ಕಾಲಿಕ ಸುಪರ್ದಿ, ಎಲ್ಲವನ್ನೂ ಇದೇ ಅರ್ಜಿಯಲ್ಲಿ ಕೇಳಬಹುದು. ಮದುವೆಯಾಗದೆ ಗಂಡ ಹೆಂಡಿರಂತೆ ಬಾಳುತ್ತಿರುವವರಿಗೂ ಈ ಕಾಯ್ದೆ ಅನ್ವಯಿಸುತ್ತದೆ.

ಒಂದು ಕಡೆ ಕಾನೂನೇ ಕೈಬಿಡುತ್ತದೆ. 18 ದಾಟಿದ ಹೆಂಡತಿಯ ಮೇಲೆ ಗಂಡ ಮಾಡುವ ಅತ್ಯಾಚಾರವನ್ನು ನ್ಯಾಯ ಸಂಹಿತೆ ಇಂದಿಗೂ ಅತ್ಯಾಚಾರ ಎನ್ನುವುದಿಲ್ಲ. 2022ರಲ್ಲಿ ಕರ್ನಾಟಕ ಹೈಕೋರ್ಟ್ ಗಂಡನೊಬ್ಬನ ಮೇಲೆ ಆ ಆರೋಪದ ವಿಚಾರಣೆ ನಡೆಯಲಿ ಎಂದಿತ್ತು, ಸುಪ್ರೀಂ ಕೋರ್ಟ್ ಅದಕ್ಕೆ ತಡೆ ಕೊಟ್ಟಿತು. ನನ್ನ ಪ್ರಕಾರ ಇದು ಘೋರ ಅನ್ಯಾಯ. ಆದರೂ ಕೌಟುಂಬಿಕ ದೌರ್ಜನ್ಯ ಕಾಯ್ದೆಯಲ್ಲಿ ಲೈಂಗಿಕ ಹಿಂಸೆ ಸೇರಿದೆ. ಅಂಥದ್ದು ನಡೆದಿದ್ದರೆ ತಂಗಿ ಮುಚ್ಚಿಡದೆ ವಕೀಲರಿಗೆ ಹೇಳಲಿ.

ವಕೀಲರ ಫೀಸಿನ ಚಿಂತೆ ಬೇಡ. ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇದ್ದರೂ ಕಾನೂನು ಸೇವಾ ಪ್ರಾಧಿಕಾರದಿಂದ ಉಚಿತ ವಕೀಲರು ಸಿಗುತ್ತಾರೆ, ಕೋರ್ಟ್ ಆವರಣದಲ್ಲೇ ಅವರ ಕಚೇರಿ ಇರುತ್ತದೆ. ತಾಲ್ಲೂಕಿನಲ್ಲಿ ಸಿಡಿಪಿಒ (ಶಿಶು ಅಭಿವೃದ್ಧಿ ಯೋಜನಾಧಿಕಾರಿ) ಅವರೇ ಈ ಕಾಯ್ದೆಯ ಸಂರಕ್ಷಣಾಧಿಕಾರಿ, ಘಟನಾ ವರದಿ ಬರೆದು ಕೋರ್ಟಿಗೆ ಕಳಿಸುವುದು ಅವರ ಕರ್ತವ್ಯ. ಸಹಾಯವಾಣಿ 181, ಅವನು ಮತ್ತೆ ಕೈ ಎತ್ತಿದರೆ ಕೂಡಲೇ 112. ಆಧಾರ್, ಬ್ಯಾಂಕ್ ಪಾಸ್‌ಬುಕ್, ಮದುವೆ ಫೋಟೊ, ಮಕ್ಕಳ ಜನನ ಪತ್ರ, ಒಡವೆಯ ರಸೀದಿಗಳನ್ನು ಅರ್ಜಿ ಹಾಕುವ ಮೊದಲೇ ನಿಮ್ಮ ಮನೆಗೆ ತರಿಸಿಕೊಳ್ಳಿ.