ಕೋಟಿ ಸಂಬಳದ ಕೋಚ್, ಅದಕ್ಕೆ ಮುಂಚೆ 17 ವರ್ಷ ಸಹಾಯಕ

ಪ್ರಶ್ನೆ: ನನಗೆ 25 ವರ್ಷ. ಬಿ.ಪಿ.ಎಡ್. ಮುಗಿಸಿ ಒಂದು ಶಾಲೆಯಲ್ಲಿ ವಾಲಿಬಾಲ್ ಸಹಾಯಕ ಕೋಚ್ ಆಗಿದ್ದೇನೆ. ಸಂಬಳ ರೂಮಿನ ಬಾಡಿಗೆಗೆ ಸರಿಹೋಗುತ್ತೆ, ಅಷ್ಟೇ. ಮನೆಯಲ್ಲಿ ಬ್ಯಾಂಕ್ ಪರೀಕ್ಷೆ ಬರಿ ಅಂತಿದ್ದಾರೆ. ಅಮೆರಿಕದಲ್ಲಿ ಕಾಲೇಜು ಫುಟ್‌ಬಾಲ್ ಕೋಚ್‌ಗಳು ಕೋಟಿಗಟ್ಟಲೆ ದುಡಿಯುತ್ತಾರಂತೆ. ಅವರು ಅಲ್ಲಿಗೆ ಹೇಗೆ ತಲುಪುತ್ತಾರೆ?
– ಒಬ್ಬ ಓದುಗ, ಜಯನಗರ

ಉತ್ತರ: ಕೋಟಿ ನಿಜ. ಆದರೆ ಅದಕ್ಕೆ ಮುಂಚಿನ ವರ್ಷಗಳನ್ನು ಯಾರೂ ಲೆಕ್ಕ ಹಾಕಲ್ಲ. ಅಲಬಾಮಾ ವಿಶ್ವವಿದ್ಯಾಲಯದ ಫುಟ್‌ಬಾಲ್ ಕೋಚ್ ಆಗಿದ್ದ ನಿಕ್ ಸೇಬನ್ ಅವರನ್ನೇ ತಗೊಳ್ಳಿ. (ಅಲ್ಲಿನ ಫುಟ್‌ಬಾಲ್ ಬೇರೆ. ಹೆಲ್ಮೆಟ್ ಹಾಕಿಕೊಂಡು, ಮೊಟ್ಟೆಯಂಥ ಚೆಂಡನ್ನು ಕೈಯಲ್ಲಿ ಹಿಡಿದು ಓಡುವ ಆಟ.)

ಅವರ ತಂದೆ ವೆಸ್ಟ್ ವರ್ಜೀನಿಯಾದಲ್ಲಿ ಪೆಟ್ರೋಲ್ ಬಂಕ್ ಇಟ್ಟಿದ್ದರು. ಹುಡುಗ ಅಲ್ಲೇ ಕಾರು ತೊಳೆಯಬೇಕಿತ್ತು. ಕಪ್ಪು ಕಾರಿನ ಮೇಲೆ ಬಟ್ಟೆ ಎಳೆದ ಗೆರೆ ಎದ್ದು ಕಾಣುತ್ತೆ ಅಲ್ವಾ, ಅಂಥ ಒಂದು ಗೆರೆ ಉಳಿದರೂ ಸಾಕು, ತಂದೆ ಇಡೀ ಕಾರನ್ನು ಮತ್ತೆ ತೊಳೆಸುತ್ತಿದ್ದರು. ಕೋಚ್ ಆಗುವ ಯೋಚನೆಯೇ ಸೇಬನ್‌ಗೆ ಇರಲಿಲ್ಲ. ಅವರ ಪದವಿ ಮುಗಿದಾಗ ಹೆಂಡತಿಯ ಓದು ಇನ್ನೂ ಒಂದು ವರ್ಷ ಬಾಕಿ ಇತ್ತು. ಅದಕ್ಕೇ 1973ರಲ್ಲಿ ಕೆಂಟ್ ಸ್ಟೇಟ್ ಕಾಲೇಜಿನಲ್ಲಿ ತಮ್ಮ ಕೋಚ್ ಡಾನ್ ಜೇಮ್ಸ್ ಕೈಕೆಳಗೆ ಸಹಾಯಕರಾಗಿ ಉಳಿದರು, ಅಂದರೆ ಮುಂದಿನ ಓದಿನ ಜೊತೆಗೇ ತಂಡದ ಸಣ್ಣಪುಟ್ಟ ಕೆಲಸವನ್ನೆಲ್ಲ ಮಾಡುವ ಹುಡುಗ. ಆಮೇಲೆ ಆರು ಊರು ಸುತ್ತಿದರು. ಟೊಲೀಡೊದಲ್ಲಿ ಮೊದಲ ಸಲ ಮುಖ್ಯ ಕೋಚ್ ಆಗಿದ್ದು 1990ರಲ್ಲಿ. ಲೆಕ್ಕ ಹಾಕಿ, 17 ವರ್ಷ! ಅಲ್ಲೂ ಒಂದೇ ಸೀಸನ್. ಮರುವರ್ಷ ಕ್ಲೀವ್‌ಲ್ಯಾಂಡ್‌ನ ವೃತ್ತಿಪರ ತಂಡದ ಮುಖ್ಯ ಕೋಚ್ ಬಿಲ್ ಬೆಲಿಚಿಕ್ ಕೈಕೆಳಗೆ ಮತ್ತೆ ಸಹಾಯಕರಾದರು.

2005ರಲ್ಲಿ ಮಯಾಮಿಯ ವೃತ್ತಿಪರ ತಂಡಕ್ಕೆ ಹೋದಾಗ 32 ಪಂದ್ಯಗಳಲ್ಲಿ ಗೆದ್ದಿದ್ದು 15 ಮಾತ್ರ. 2007ರಲ್ಲಿ ಅಲಬಾಮಾ 8 ವರ್ಷಕ್ಕೆ 3.2 ಕೋಟಿ ಡಾಲರ್ ಕೊಟ್ಟು ಕರೆಸಿತು. ಮೊದಲ ವರ್ಷವೇ ಸ್ವಂತ ಮೈದಾನದಲ್ಲಿ ಲೂಯಿಸಿಯಾನಾ–ಮನ್ರೋ ಅನ್ನೋ ಚಿಕ್ಕ ತಂಡದ ಎದುರು ಸೋತರು. ಆಮೇಲೆ ಅಲ್ಲಿ 6 ಸಲ ರಾಷ್ಟ್ರೀಯ ಚಾಂಪಿಯನ್, ಮುಂಚೆ ಇನ್ನೊಂದು ಕಾಲೇಜಿನಲ್ಲಿ ಗೆದ್ದದ್ದೂ ಸೇರಿದರೆ 7. ನಿವೃತ್ತಿ 2024ರ ಜನವರಿಯಲ್ಲಿ.

ಸಂಬಳ ನೋಡಿ ಈ ದಾರಿ ಹಿಡಿಯಬೇಡಿ. ಯಾರ ಕೈಕೆಳಗೆ ಕಲಿಯುತ್ತಿದ್ದೀರಿ ಅನ್ನೋದನ್ನು ನೋಡಿ. ನಿಮ್ಮ ಹಿರಿಯ ಕೋಚ್ ತಂಡ ಆರಿಸುವಾಗ ನಿಮ್ಮನ್ನು ಪಕ್ಕದಲ್ಲಿ ಕೂರಿಸಿಕೊಳ್ಳುತ್ತಾರಾ? ಒಬ್ಬ ಹುಡುಗನನ್ನು ಯಾಕೆ ಬಿಟ್ಟೆ ಅಂತ ಬಿಡಿಸಿ ಹೇಳುತ್ತಾರಾ? ಹಾಗಿದ್ದರೆ ಬಾಡಿಗೆಗಷ್ಟೇ ಸಾಲುವ ಸಂಬಳವಾದರೂ ಇನ್ನೆರಡು ವರ್ಷ ಅಲ್ಲೇ ಇರಿ. ಸುಮ್ನೆ ನೆಟ್ ಕಟ್ಟಿಸಿ, ಚೆಂಡಿಗೆ ಗಾಳಿ ಹೊಡೆಸಿ ಕಳಿಸುತ್ತಿದ್ದರೆ ಬೇರೆ ಕಡೆ ಹುಡುಕಿ. ಜ್ಞಾನಭಾರತಿಯ ಸಾಯ್ (ಭಾರತೀಯ ಕ್ರೀಡಾ ಪ್ರಾಧಿಕಾರ) ಕೇಂದ್ರಕ್ಕೆ ಹೋಗಿ ಕೋಚಿಂಗ್ ಡಿಪ್ಲೊಮಾ ಬಗ್ಗೆ ವಿಚಾರಿಸಿ, ವಾಲಿಬಾಲ್‌ಗೆ ಈ ವರ್ಷ ಸೀಟು ಇದೆಯಾ ಅಂತಲೂ ಕೇಳಿ. ಬ್ಯಾಂಕ್ ಪರೀಕ್ಷೆಯನ್ನೂ ಬರೀರಿ, ಅದರಲ್ಲಿ ತಪ್ಪೇನಿಲ್ಲ. ಮನೆಯವರಿಗೂ ಸಮಾಧಾನ.

ಪ್ರಶ್ನೆ: ಒಂದು ಕಾಲೇಜಿಗೆ ಕೋಚ್‌ಗೆ ಕೊಡೋಕೆ ಅಷ್ಟು ದುಡ್ಡು ಎಲ್ಲಿಂದ ಬರುತ್ತೆ?
– ಒಬ್ಬ ಓದುಗಿ, ರಾಜಾಜಿನಗರ

ಉತ್ತರ: ಟಿಕೆಟ್, ಟಿವಿ, ಹಳೇ ವಿದ್ಯಾರ್ಥಿಗಳ ದೇಣಿಗೆ. ಅಲಬಾಮಾದ ಸ್ಟೇಡಿಯಂನಲ್ಲಿ ಸುಮಾರು 1 ಲಕ್ಷ ಜನ ಕೂರಬಹುದು, ನಮ್ಮ ಚಿನ್ನಸ್ವಾಮಿಯ ಎರಡರಷ್ಟಕ್ಕಿಂತ ಜಾಸ್ತಿ. ಆದರೆ ಆಡುವ ಹುಡುಗರಿಗೆ ಬಹಳ ಕಾಲ ಸಿಗುತ್ತಿದ್ದದ್ದು ವಿದ್ಯಾರ್ಥಿವೇತನ ಮಾತ್ರ. ಮಂಡಿ ಮುರಿದುಕೊಳ್ಳೋರು ಅವರು, ಕೋಟಿ ಕೋಚ್‌ಗೆ. ಇದು ನನಗೆ ಅನ್ಯಾಯ ಅಂತಲೇ ಅನಿಸುತ್ತಿತ್ತು. 2021ರಿಂದ ಅವರು ತಮ್ಮ ಹೆಸರಿನಲ್ಲಿ ಜಾಹೀರಾತಿನ ಹಣ ಪಡೆಯಬಹುದು, 2025ರಿಂದ ಕಾಲೇಜುಗಳೇ ನೇರವಾಗಿ ಹಣ ಕೊಡಬಹುದು.