ಪೊಲೀಸ್ ಬಂದ ಮೇಲೆ ಭಯ ಶುರುವಾಗುವ ಸಿನಿಮಾಗಳು

ಕೊರಿಯನ್ ಥ್ರಿಲ್ಲರ್‌ಗಳನ್ನೆಲ್ಲ ನೋಡಿ ಮುಗಿಸಿದ್ದೀರಿ, ಈಗ ನಿದ್ದೆ ಕೆಡಿಸುವಂಥ ರಷ್ಯನ್ ಸಿನಿಮಾ ಯಾವುದಿದೆ ಹೇಳಿ ಅಂತ ಕೇಳಿದ್ದೀರಿ. ಬೇಕಾದಷ್ಟಿವೆ. ಆದರೆ ಮೊದಲೇ ಹೇಳಿಬಿಡುತ್ತೇನೆ. ಕೊರಿಯನ್ ಸಿನಿಮಾದ ಓಟ, ಅಟ್ಟಾಡಿಸಿಕೊಂಡು ಹೋಗುವುದು, ಕೊನೆಯ ಹತ್ತು ನಿಮಿಷದ ತಿರುವು ಇವನ್ನೇ ಹುಡುಕಿಕೊಂಡು ಹೋದರೆ ನಿಮಗೆ ಬೇಜಾರಾಗುತ್ತದೆ. ಇಲ್ಲಿ ಕೊಲೆಗಾರ ಯಾರು ಅನ್ನುವುದು ಬಹಳ ಸಲ ಮೊದಲ ಅರ್ಧ ಗಂಟೆಯಲ್ಲೇ ಗೊತ್ತಾಗುತ್ತದೆ. ನಮ್ಮ ಹಳೇ ಸಿನಿಮಾಗಳಲ್ಲಿ ಹೊಡೆದಾಟ ಎಲ್ಲ ಮುಗಿದ ಮೇಲೆ ಪೊಲೀಸ್ ಜೀಪು ಬರುತ್ತಿತ್ತು, ಅಲ್ವಾ? ಬಂದರೆ ಶುಭಂ. ನಾನು ಹೇಳಹೊರಟಿರುವ ಸಿನಿಮಾಗಳಲ್ಲಿ ಪೊಲೀಸ್ ಬಂದ ಮೇಲೆ ಭಯ ಶುರುವಾಗುತ್ತದೆ. ಸಹಾಯಕ್ಕೆ ಕರೆಯಬೇಕಾದವನೇ ಬಾಗಿಲಲ್ಲಿ ನಿಂತಿದ್ದರೆ ಯಾರನ್ನು ಕರೆಯುತ್ತೀರಿ?

ಶುರು ಮಾಡುವುದಾದರೆ ಯೂರಿ ಬೀಕೋವ್ ಅವರ 'ದುರಾಕ್'ನಿಂದ ಮಾಡಿ. 2014ರ ಸಿನಿಮಾ, 'ದಿ ಫೂಲ್' ಅಂತ ಹುಡುಕಿದರೆ ಸಿಗುತ್ತದೆ. ದೀಮಾ ನಿಕೀತಿನ್ ಅನ್ನುವ ಪ್ಲಂಬರ್. ಕಟ್ಟಡದ ಕೆಲಸದ ಬಗ್ಗೆ ಓದುತ್ತಲೂ ಇದ್ದಾನೆ. ಒಂದು ರಾತ್ರಿ ಪೈಪ್ ಒಡೆದಿದೆ ಅಂತ ಕರೆ ಬರುತ್ತದೆ. ಒಂಬತ್ತು ಮಹಡಿಯ ಹಳೇ ವಸತಿ ಕಟ್ಟಡ. ಹೋಗಿ ನೋಡಿದರೆ ಗೋಡೆಯಲ್ಲಿ ಬಿರುಕು. ಹೊರಗೆ ಬಂದು ತಲೆ ಎತ್ತಿ ನೋಡುತ್ತಾನೆ. ಬಿರುಕು ತಳದಿಂದ ತುದಿಯವರೆಗೂ ಹೋಗಿದೆ. ಮನೆಗೆ ಬಂದು ಮಲಗುತ್ತಾನೆ, ನಿದ್ದೆ ಬರುವುದಿಲ್ಲ. ಎದ್ದು ಲೆಕ್ಕ ಹಾಕುತ್ತಾನೆ. ಕಟ್ಟಡ ಹೆಚ್ಚೆಂದರೆ ಒಂದು ದಿನ ನಿಲ್ಲುತ್ತದೆ. ಒಳಗೆ 820 ಜನ ಮಲಗಿದ್ದಾರೆ.

ಅದೇ ಹೊತ್ತಿಗೆ ಊರಿನ ಮೇಯರಮ್ಮನ 50ನೇ ಹುಟ್ಟುಹಬ್ಬ. ಊರಿನ ಅಧಿಕಾರಿಗಳೆಲ್ಲ ಹೋಟೆಲೊಂದರಲ್ಲಿ ಕುಡಿದು ಕುಣಿಯುತ್ತಿದ್ದಾರೆ. ಅವಳನ್ನು ಎಲ್ಲರೂ 'ಮಾಮಾ' ಅನ್ನುತ್ತಾರೆ. ರಷ್ಯನ್‌ನಲ್ಲಿ ಹಾಗಂದರೆ ಅಮ್ಮ, ನಮ್ಮ ಸೋದರಮಾವ ಅಲ್ಲ! ಮೊದಲ ಸಲ ನೋಡುವಾಗ ನನಗೆ ನಗು ಬಂದಿತ್ತು. ಆಮೇಲೆ ಬರಲಿಲ್ಲ. ದೀಮಾ ಆ ಪಾರ್ಟಿಗೆ ನುಗ್ಗಿ ವಿಷಯ ಹೇಳುತ್ತಾನೆ. ಅವನು ಸುಳ್ಳು ಹೇಳುತ್ತಿದ್ದಾನೆ ಅಂತ ಅವರು ಅಂದುಕೊಂಡರೆ ಅದು ಸಾಧಾರಣ ಸಿನಿಮಾ ಆಗುತ್ತಿತ್ತು. ಇಲ್ಲಿ ಅವರು ನಂಬುತ್ತಾರೆ. ನಂಬಿ, ಬಾಗಿಲು ಹಾಕಿಕೊಂಡು, ಅಷ್ಟು ಜನರನ್ನು ಎಲ್ಲಿಗೆ ಸಾಗಿಸುವುದು, ರಿಪೇರಿಗೆ ಬಂದ ದುಡ್ಡಿನಲ್ಲಿ ಯಾರು ಯಾರು ಎಷ್ಟೆಷ್ಟು ತಿಂದಿದ್ದಾರೆ ಅಂತ ಒಬ್ಬರಿಗೊಬ್ಬರು ಬಾಯಿಗೆ ಬಂದ ಹಾಗೆ ಬೈದುಕೊಳ್ಳುತ್ತಾರೆ. ಆ ಜಗಳ ಕೇಳುತ್ತಾ ಕೂತರೆ ಎದೆ ಭಾರವಾಗುತ್ತದೆ. ಅಷ್ಟು ಹೊತ್ತು ನೀವು ಲೆಕ್ಕ ಹಾಕುತ್ತಾ ಇರುತ್ತೀರಿ: ಗಂಟೆ ಎಷ್ಟಾಯಿತು, ಇನ್ನೆಷ್ಟು ಉಳಿದಿದೆ.

ನಡುವೆ ದೀಮಾ ಒಬ್ಬನೇ ಬೀದಿಯಲ್ಲಿ ನಡೆದು ಹೋಗುವ ದೃಶ್ಯ ಬರುತ್ತದೆ. ಕ್ಯಾಮೆರಾ ಅವನ ಜೊತೆಗೇ ಹೋಗುತ್ತದೆ, ಹಿನ್ನೆಲೆಯಲ್ಲಿ ಕಿನೋ ಬ್ಯಾಂಡಿನ ಹಾಡು. ಏನೂ ಆಗುವುದಿಲ್ಲ, ಸುಮ್ನೆ ನಡೆಯುತ್ತಾನೆ. ಇಡೀ ಸಿನಿಮಾದಲ್ಲಿ ನನಗೆ ಜಾಸ್ತಿ ನೆನಪಿರುವುದು ಅದೇ. ಮರುದಿನ ಬೆಳಿಗ್ಗೆ ನಾನು ಮಾಡಿದ ಮೊದಲ ಕೆಲಸ ಏನು ಗೊತ್ತಾ? ನಮ್ಮ ಬಾಡಿಗೆ ಮನೆಯ ಮೆಟ್ಟಿಲ ಪಕ್ಕದ ಗೋಡೆಯ ಬಿರುಕಿಗೆ ಬೆರಳಿಟ್ಟು ನೋಡಿದ್ದು. ಓನರ್ ಅಂಕಲ್ "ಅದು ಬರೀ ಪ್ಲಾಸ್ಟರ್ ಕಣಪ್ಪಾ" ಅಂದರು. ಇರಬಹುದು.

ಬೀಕೋವ್ ಅವರದ್ದೇ 'ಮಯೋರ್' ('ದಿ ಮೇಜರ್', 2013) ಕೂಡ ಇದೇ ಜಾತಿಯದು, ಇನ್ನೂ ಬಿಗಿ. ಹೆಂಡತಿಗೆ ಹೆರಿಗೆ ನೋವು ಅಂತ ಫೋನ್ ಬಂದು, ಒಬ್ಬ ಪೊಲೀಸ್ ಮೇಜರ್ ಹಿಮದ ರಸ್ತೆಯಲ್ಲಿ ಕಾರು ಓಡಿಸುತ್ತಾನೆ. ರಸ್ತೆ ದಾಟುತ್ತಿದ್ದ ಹುಡುಗನಿಗೆ ಗುದ್ದುತ್ತಾನೆ. ತಾಯಿ ಪಕ್ಕದಲ್ಲೇ ಇದ್ದಾಳೆ. ಅವನು ಮಾಡುವ ಮೊದಲ ಕೆಲಸ ಅವಳನ್ನು ಹಿಡಿದು ಕಾರಿನೊಳಗೆ ಕೂಡಿಹಾಕುವುದು. ಎರಡನೆಯದು ಠಾಣೆಯ ಗೆಳೆಯರಿಗೆ ಫೋನ್ ಮಾಡುವುದು. ಮುಂದಿನದ್ದೆಲ್ಲ ಆ ಒಂದು ಫೋನ್ ಕರೆಯ ಫಲ. ಅವನಿಗೆ ನಿಜವಾಗಿ ಪಶ್ಚಾತ್ತಾಪ ಆಗುತ್ತದೆ, ಆದರೆ ಅಷ್ಟರಲ್ಲಿ ಗೆಳೆಯರು ಅವನನ್ನು 'ಉಳಿಸುವ' ಕೆಲಸ ಶುರು ಮಾಡಿಬಿಟ್ಟಿರುತ್ತಾರೆ. ಹಾಗೆ ಉಳಿಸುವ ಗೆಳೆಯನ ಪಾತ್ರ ಮಾಡಿರುವುದು ನಿರ್ದೇಶಕ ಬೀಕೋವ್ ಅವರೇ.

ಈಗ ದೊಡ್ಡ ಎಚ್ಚರಿಕೆ ಬೇಕಾದ ಸಿನಿಮಾ. ಅಲೆಕ್ಸೆಯ್ ಬಾಲಬಾನೋವ್ ಅವರ 'ಗ್ರೂಜ್ 200', ಇಂಗ್ಲಿಷಿನಲ್ಲಿ 'ಕಾರ್ಗೋ 200', 2007. ಯುದ್ಧದಲ್ಲಿ ಸತ್ತ ಸೈನಿಕರ ಹೆಣಗಳನ್ನು ಸತುವಿನ ತಗಡಿನ ಪೆಟ್ಟಿಗೆಯಲ್ಲಿ ಊರಿಗೆ ಕಳಿಸುವುದಕ್ಕೆ ಸೋವಿಯತ್ ಸೇನೆಯಲ್ಲಿ ಇದ್ದ ಗುಪ್ತನಾಮ ಅದು. ಕಥೆ ನಡೆಯುವುದು 1984ರಲ್ಲಿ, ಅಫ್ಘಾನಿಸ್ತಾನದ ಯುದ್ಧ ನಡೆಯುತ್ತಿದ್ದ ಕಾಲ. ಕಾರ್ಖಾನೆಗಳ ಒಂದು ಊರು. ಕಮ್ಯುನಿಸ್ಟ್ ಪಕ್ಷದ ಕಾರ್ಯದರ್ಶಿಯ ಮಗಳು ಕಾಣೆಯಾಗುತ್ತಾಳೆ. ತನಿಖೆ ಮಾಡುವ ಪೊಲೀಸ್ ಕ್ಯಾಪ್ಟನ್ ಝೂರೊವ್ ಮನೆಯಲ್ಲೇ ಅವಳು ಮಂಚಕ್ಕೆ ಬೇಡಿ ಹಾಕಿಸಿಕೊಂಡು ಬಿದ್ದಿದ್ದಾಳೆ. ಪಕ್ಕದ ಕೋಣೆಯಲ್ಲಿ ಅವನ ಅಮ್ಮ ಟಿವಿ ನೋಡುತ್ತಾ ಕುಡಿಯುತ್ತಾ ಕೂತಿರುತ್ತಾಳೆ.

ಇದರಲ್ಲಿ ಅತ್ಯಾಚಾರ ಇದೆ, ಹೆಣ ಇದೆ, ನೊಣ ಇದೆ. ಆ ನೊಣಗಳ ಗುಂಯ್‌ಗುಡುವಿಕೆ ಸಾಕು, ಊಟ ಸೇರುವುದಿಲ್ಲ. ಆದರೆ ನನ್ನನ್ನು ಕಾಡಿದ್ದು ರಕ್ತ ಅಲ್ಲ, ಹಾಡು. ಆ ಕಾಲದ ಸಿಹಿಸಿಹಿ ಸೋವಿಯತ್ ಹಾಡುಗಳನ್ನು ತಂದು ಅತಿ ಕೆಟ್ಟ ದೃಶ್ಯಗಳ ಪಕ್ಕದಲ್ಲಿ ಇಟ್ಟಿದ್ದಾರೆ. ಪೊಲೀಸ್ ಬೈಕಿನ ಸೈಡ್‌ಕಾರಿನಲ್ಲಿ ಆ ಹುಡುಗಿಯನ್ನು ಕೂರಿಸಿಕೊಂಡು ಹೊಗೆ ಕಾರುವ ಚಿಮಣಿಗಳ ಮುಂದೆ ಹೋಗುತ್ತಾನಲ್ಲ, ಅದನ್ನು ನೋಡಿದ ಮೇಲೆ ಹಳೇ ರೇಡಿಯೋ ಹಾಡು ಕೇಳಿದರೂ ಸ್ವಲ್ಪ ದಿನ ಹೊಟ್ಟೆ ತೊಳಸುತ್ತದೆ. ಝೂರೊವ್ ಮುಖದಲ್ಲಿ ಕೋಪ ಇಲ್ಲ, ಆಸೆ ಇಲ್ಲ, ಏನೂ ಇಲ್ಲ. ರಷ್ಯಾದ ಹೆಸರಾಂತ ನಟರೇ ಕಥೆ ಓದಿ ಈ ಸಿನಿಮಾದಲ್ಲಿ ನಟಿಸುವುದಿಲ್ಲ ಅಂದಿದ್ದರು. ಹಾಗಾಗಿ ನೀವೂ ನೋಡದೆ ಬಿಟ್ಟರೆ ಏನೂ ನಷ್ಟವಿಲ್ಲ. ನಾನು ಒಂದು ಸಲ ನೋಡಿದ್ದೇನೆ, ಎರಡನೇ ಸಲ ನೋಡುವ ಧೈರ್ಯ ಇಲ್ಲ.

ಸ್ವಲ್ಪ ಮಾಮೂಲಿ ಥ್ರಿಲ್ಲರ್ ರೀತಿಯದು ಬೇಕೆಂದರೆ 'ತೆಕ್ಸ್ತ್' ('ಟೆಕ್ಸ್ಟ್'), 2019. ದ್ಮಿತ್ರಿ ಗ್ಲುಖೋವ್‌ಸ್ಕಿ ಬರೆದ ಕಾದಂಬರಿ ಆಧರಿಸಿದ್ದು, ಕ್ಲಿಮ್ ಶಿಪೆಂಕೊ ನಿರ್ದೇಶನ. ಇಲ್ಯಾ ಅನ್ನುವ ಕಾಲೇಜು ಹುಡುಗ. ಒಂದು ಕ್ಲಬ್ಬಿನಲ್ಲಿ ಪೊಲೀಸ್ ಅಧಿಕಾರಿಯೊಬ್ಬ ಅವನ ಹತ್ತಿರ ಡ್ರಗ್ಸ್ ಇಟ್ಟು ಹಿಡಿಯುತ್ತಾನೆ. ಏಳು ವರ್ಷ ಜೈಲು. ಬಿಡುಗಡೆಯಾಗಿ ಮನೆಗೆ ಬಂದರೆ ಅಮ್ಮ ಆಗಷ್ಟೇ ತೀರಿಕೊಂಡಿದ್ದಾಳೆ. ಆ ಸಿಟ್ಟಿನಲ್ಲಿ ಅಧಿಕಾರಿಯನ್ನು ಹುಡುಕಿಕೊಂಡು ಹೋಗಿ ಕೊಲ್ಲುತ್ತಾನೆ. ಇದು ಶುರು ಅಷ್ಟೇ. ಸತ್ತವನ ಫೋನ್ ಇಲ್ಯಾ ಕೈಯಲ್ಲಿದೆ. ಟಿಂಗ್ ಅಂತ ಮೆಸೇಜ್ ಬರುತ್ತದೆ. ಎಲ್ಲಿದ್ದೀಯ ಅಂತ ಅವನ ಹುಡುಗಿ ಕೇಳುತ್ತಿದ್ದಾಳೆ. ಅಪ್ಪ ಬೈಯುತ್ತಿದ್ದಾನೆ. ಅಮ್ಮ ಗೋಗರೆಯುತ್ತಿದ್ದಾಳೆ. ಉತ್ತರ ಬರೆಯದಿದ್ದರೆ ಸಿಕ್ಕಿಬೀಳುತ್ತಾನೆ. ಬರೆಯಬೇಕೆಂದರೆ ಸತ್ತವನ ಹಳೇ ಚಾಟ್, ವಿಡಿಯೋ, ಫೋಟೋ ಎಲ್ಲ ತೆಗೆದು ಅವನು ಹೇಗೆ ಮಾತಾಡುತ್ತಿದ್ದ ಅಂತ ಕಲಿಯಬೇಕು. ಕಲಿಯುತ್ತಾ ಕಲಿಯುತ್ತಾ ಆ ಬದುಕಿಗೆ ಅಂಟಿಕೊಳ್ಳುತ್ತಾನೆ. ನಮ್ಮ ಫೋನ್ ಬೇರೆಯವರ ಕೈಗೆ ಸಿಕ್ಕರೆ ನಾವು ಎಷ್ಟು ದಿನ 'ಬದುಕಿರಬಹುದು' ಅಂತ ನಾನಂತೂ ಆ ರಾತ್ರಿ ಲೆಕ್ಕ ಹಾಕಿದೆ.

ಇದು ಬರೀ ಕಟ್ಟುಕಥೆಯೂ ಅಲ್ಲ. ರಷ್ಯಾದ ಅಪರಾಧ ಸಂಹಿತೆಯಲ್ಲಿ ಡ್ರಗ್ಸ್‌ಗೆ ಇರುವುದು 228ನೇ ಕಲಂ. ಅದರಡಿ ಒಳಗೆ ಹೋದವರು ಎಷ್ಟೊಂದು ಜನ ಅಂದರೆ, ಅಲ್ಲಿ ಅದಕ್ಕೆ 'ಜನರ ಕಲಂ' ಅನ್ನುವ ಅಡ್ಡಹೆಸರೇ ಇದೆ. ಈ ಸಿನಿಮಾ ಬಂದ ವರ್ಷವೇ, ಜೂನ್ ತಿಂಗಳಲ್ಲಿ, ಇವಾನ್ ಗೊಲುನೊವ್ ಅನ್ನುವ ತನಿಖಾ ಪತ್ರಕರ್ತನನ್ನು ಡ್ರಗ್ಸ್ ಕೇಸಿನಲ್ಲಿ ಹಿಡಿದರು. ದೊಡ್ಡ ಗಲಾಟೆಯಾಯಿತು, ಕೆಲವೇ ದಿನಗಳಲ್ಲಿ ಕೇಸು ಬಿಟ್ಟರು. ಡ್ರಗ್ಸ್ ಇಟ್ಟ ಪೊಲೀಸರಿಗೆ ಆಮೇಲೆ ಶಿಕ್ಷೆಯೂ ಆಯಿತು. ಇಲ್ಯಾ ಪರವಾಗಿ ಯಾರೂ ಗಲಾಟೆ ಮಾಡಲಿಲ್ಲ, ಅಷ್ಟೇ ವ್ಯತ್ಯಾಸ.

ಆಂದ್ರೇಯ್ ಜ್ವ್ಯಾಗಿಂತ್ಸೆವ್ ಹೆಸರು ನೀವು ಕೇಳಿರಬಹುದು. ಇವರ ಸಿನಿಮಾ ಥ್ರಿಲ್ಲರಾ ಅಂತ ಕೆಲವರು ಜಗಳಕ್ಕೆ ಬರುತ್ತಾರೆ. ಬರಲಿ. 2017ರ 'ನೆಲ್ಯುಬೊವ್' ('ಲವ್‌ಲೆಸ್') ನೋಡಿ. ಗಂಡ ಹೆಂಡತಿ ಡೈವೋರ್ಸ್ ಮಾಡಿಕೊಳ್ಳುತ್ತಿದ್ದಾರೆ. ಇಬ್ಬರಿಗೂ ಬೇರೆ ಸಂಬಂಧ ಇದೆ. 12 ವರ್ಷದ ಮಗ ಅಲ್ಯೋಶಾ ಇಬ್ಬರಿಗೂ ಬೇಡ. ರಾತ್ರಿ ಅಡುಗೆಮನೆಯಲ್ಲಿ ಇವನನ್ನು ಯಾರ ತಲೆಗೆ ಕಟ್ಟುವುದು ಅಂತ ಕೂಗಾಡುತ್ತಾರೆ. ಅಮ್ಮ ಬಾತ್‌ರೂಮಿಗೆ ಹೋಗಿ ಹೊರಗೆ ಬರುತ್ತಾಳೆ, ಬಾಗಿಲು ಎಳೆದುಕೊಳ್ಳುತ್ತಾಳೆ. ಬಾಗಿಲ ಹಿಂದೆ ಕತ್ತಲಲ್ಲಿ ಹುಡುಗ ನಿಂತಿದ್ದಾನೆ. ಬಾಯಿ ತೆರೆದು ಅಳುತ್ತಿದ್ದಾನೆ, ಸದ್ದೇ ಇಲ್ಲ. ಕೆಲವೇ ಸೆಕೆಂಡು. ಆಮೇಲೆ ಅವನು ಕಾಣೆಯಾಗುತ್ತಾನೆ. ಪೊಲೀಸ್ ಅಧಿಕಾರಿ ಮನೆಗೆ ಬಂದು, ಇಂಥ ಹುಡುಗರು ತಾವಾಗಿಯೇ ವಾಪಸ್ ಬರುತ್ತಾರೆ, ನಮ್ಮಲ್ಲಿ ಜನ ಇಲ್ಲ ಅಂತ ಶಾಂತವಾಗಿ ಹೇಳಿ ಹೋಗುತ್ತಾನೆ. ಹುಡುಕುವುದೆಲ್ಲ ಸ್ವಯಂಸೇವಕರೇ. ಕಿತ್ತಳೆ ಜಾಕೆಟ್ ಹಾಕಿಕೊಂಡು ಕಾಡಿನಲ್ಲಿ ಸಾಲಾಗಿ ನಡೆಯುತ್ತಾ "ಅಲ್ಯೋಶಾ" ಅಂತ ಕೂಗುತ್ತಾರೆ, ನಿಂತು ಕಿವಿಗೊಡುತ್ತಾರೆ. ಮಕ್ಕಳಿರುವವರು ಯೋಚಿಸಿ ನೋಡಿ.

ಅವರ 'ಎಲೆನಾ' (2011) ಸದ್ದಿಲ್ಲದ ಕೊಲೆಯ ಕಥೆ. ಶ್ರೀಮಂತ ಮುದುಕ, ಅವನ ಎರಡನೇ ಹೆಂಡತಿ, ಬರೆಯಲಿರುವ ಉಯಿಲು, ಮತ್ತು ಒಂದು ಮಾತ್ರೆ. ಜಾಸ್ತಿ ಹೇಳಿದರೆ ಕೆಡುತ್ತದೆ. 'ಲೆವಿಯಾಥನ್' (2014) ಬಗ್ಗೆ ಎಲ್ಲರೂ ಬರೆದಿದ್ದಾರೆ: ಬ್ಯಾರೆಂಟ್ಸ್ ಸಮುದ್ರದ ದಡದ ಮನೆ, ಅದನ್ನು ಕಿತ್ತುಕೊಳ್ಳುವ ಮೇಯರ್. ಅದರಲ್ಲಿ ಪಿಕ್ನಿಕ್‌ಗೆ ಹೋದವರು ಗುರಿ ಇಟ್ಟು ಹೊಡೆಯಲು ಹಳೇ ಸೋವಿಯತ್ ನಾಯಕರ ಫೋಟೋ ತಂದಿರುತ್ತಾರೆ. ಈಗಿನವರದ್ದು ಇಲ್ವಾ ಅಂದರೆ, ಇನ್ನೂ ಸ್ವಲ್ಪ ದಿನ ಗೋಡೆ ಮೇಲೆ ನೇತಾಡಲಿ ಅನ್ನುವ ಅರ್ಥದ ಉತ್ತರ. ನಗುತ್ತೀರಿ, ಆಮೇಲೆ ಇಡೀ ಸಿನಿಮಾದಲ್ಲಿ ನಗುವುದಕ್ಕೆ ಬೇರೇನೂ ಸಿಗುವುದಿಲ್ಲ.

ಸ್ವಲ್ಪ ಬೇರೆ ಥರದ್ದು 'ಕ್ಯಾಪ್ಟನ್ ವೊಲ್ಕೊನೊಗೊವ್ ಎಸ್ಕೇಪ್ಡ್', 2021. ಸ್ಟಾಲಿನ್ ಕಾಲ, 1938ರ ಲೆನಿನ್‌ಗ್ರಾದ್ (ಈಗಿನ ಸೇಂಟ್ ಪೀಟರ್ಸ್‌ಬರ್ಗ್). ಜನರನ್ನು ಹಿಡಿದು, ಹಿಂಸೆ ಕೊಟ್ಟು, ಸುಳ್ಳು ತಪ್ಪೊಪ್ಪಿಗೆ ಬರೆಸಿಕೊಂಡು ಗುಂಡು ಹೊಡೆಯುವ ಇಲಾಖೆಯ ಕ್ಯಾಪ್ಟನ್, ಮುಂದಿನ ಸರದಿ ತನ್ನದು ಅಂತ ಗೊತ್ತಾಗಿ ಓಡಿಹೋಗುತ್ತಾನೆ. ಸತ್ತ ಗೆಳೆಯ ಹೆಣದ ಗುಂಡಿಯಿಂದ ಎದ್ದು ಬಂದು, ನೀನು ಕೊಂದವರ ಮನೆಯವರಲ್ಲಿ ಒಬ್ಬರಾದರೂ ನಿನ್ನನ್ನು ಮನಸಾರೆ ಕ್ಷಮಿಸದಿದ್ದರೆ ನಿನಗೂ ನರಕ ಅನ್ನುತ್ತಾನೆ. ಅವನು ಕಡತ ಹಿಡಿದುಕೊಂಡು ಮನೆಮನೆ ಬಾಗಿಲು ತಟ್ಟುತ್ತಾನೆ. ಹಿಂದೆ ಇಲಾಖೆಯವರು ಬೆನ್ನಟ್ಟಿದ್ದಾರೆ. ಈ ಪಟ್ಟಿಯಲ್ಲಿ ನಿಜವಾದ ಓಟ ಇರುವುದು ಇದರಲ್ಲೇ. ಕ್ಯಾಪ್ಟನ್ ಆಗಿರುವವರು ಯೂರಿ ಬೊರಿಸೊವ್, 'ಅನೋರಾ' ಸಿನಿಮಾದಲ್ಲಿ ಮಾತು ಕಡಿಮೆ ಆಡುವ ಆ ಇಗೋರ್.

'ಕಮ್ ಅಂಡ್ ಸೀ' (1985) ನೋಡಿ ಅಂತಲೂ ಯಾರಾದರೂ ಹೇಳಿಯೇ ಹೇಳುತ್ತಾರೆ. ಅದು ಥ್ರಿಲ್ಲರ್ ಅಲ್ಲ, ಯುದ್ಧದ ಸಿನಿಮಾ. ಎಲ್ಲಕ್ಕಿಂತ ಭಯಂಕರ ಅನ್ನುವುದು ನಿಜ, ಆದರೆ ಅದನ್ನು ಈ ಪಟ್ಟಿಯಲ್ಲಿ ತುರುಕುವುದು ನನಗೆ ಇಷ್ಟವಿಲ್ಲ.

ನನ್ನನ್ನು ಕೇಳಿದರೆ ಮೊದಲು 'ದುರಾಕ್', ಆಮೇಲೆ 'ತೆಕ್ಸ್ತ್', ಧೈರ್ಯ ಇದ್ದರೆ ಕೊನೆಗೆ 'ಗ್ರೂಜ್'. ಡಬ್ಬಿಂಗ್ ಬೇಡ, ಸಬ್‌ಟೈಟಲ್ ಹಾಕಿಕೊಂಡೇ ನೋಡಿ. ಆ ಬೈಗುಳದ ದನಿ ಕಿವಿಗೆ ಬೀಳಬೇಕು.

ಅಯ್ಯೋ, 'ವಜ್ವ್ರಶ್ಚೇನಿಯೆ' ಮರೆತೇಬಿಟ್ಟೆ! ಜ್ವ್ಯಾಗಿಂತ್ಸೆವ್ ಅವರ ಮೊದಲ ಸಿನಿಮಾ, 'ದಿ ರಿಟರ್ನ್', 2003ರಲ್ಲಿ ವೆನಿಸ್‌ನಲ್ಲಿ ಗೋಲ್ಡನ್ ಲಯನ್ ಗೆದ್ದಿದ್ದು. ಹನ್ನೆರಡು ವರ್ಷ ಪತ್ತೆ ಇಲ್ಲದ ಅಪ್ಪ ಒಂದು ದಿನ ಮನೆಗೆ ಬಂದು ಮಲಗಿದ್ದಾನೆ. ಮಕ್ಕಳಿಬ್ಬರೂ ಓಡಿಹೋಗಿ ಅಟ್ಟದಲ್ಲಿರುವ ಹಳೇ ಫೋಟೋ ತೆಗೆದು, ಇವನೇ ಹೌದಾ ಅಂತ ನೋಡುತ್ತಾರೆ. ಮರುದಿನ ಅಪ್ಪ ಇಬ್ಬರನ್ನೂ ಕಾರಿನಲ್ಲಿ ಕರೆದುಕೊಂಡು ಹೊರಡುತ್ತಾನೆ. ಎಲ್ಲಿಗೆ, ಯಾಕೆ, ಹೇಳುವುದಿಲ್ಲ. ದೊಡ್ಡವನ ಪಾತ್ರ ಮಾಡಿದ ವ್ಲಾದಿಮಿರ್ ಗಾರಿನ್ ಸಿನಿಮಾ ವೆನಿಸ್‌ಗೆ ಹೋಗುವ ಮುಂಚೆಯೇ ನೀರಿನಲ್ಲಿ ಮುಳುಗಿ ತೀರಿಕೊಂಡ. ಅದು ಗೊತ್ತಿದ್ದು ನೋಡಿದರೆ ನೀರಿನ ಪ್ರತಿ ದೃಶ್ಯವೂ ಬೇರೆಯಾಗಿಬಿಡುತ್ತದೆ. ಕೊನೆಗೆ ದ್ವೀಪದಲ್ಲಿ ಅಪ್ಪ ನೆಲ ಅಗೆದು ಒಂದು ಪೆಟ್ಟಿಗೆ ತೆಗೆದು ದೋಣಿಯಲ್ಲಿ ಬಚ್ಚಿಡುತ್ತಾನೆ. ಮಕ್ಕಳಿಗೆ ಗೊತ್ತಿಲ್ಲ. ಅದರಲ್ಲೇನಿತ್ತು ಅಂತ ನಮಗೂ ಹೇಳುವುದಿಲ್ಲ. ನಾನು ಮತ್ತು ನನ್ನ ರೂಮ್‌ಮೇಟ್ ಬೆಳಗಿನ ಜಾವ ಮೂರು ಗಂಟೆವರೆಗೆ ಇದರ ಬಗ್ಗೆ ಕಿತ್ತಾಡಿದ್ದೆವು. ಅವನು ದುಡ್ಡು ಅಂದ, ನಾನು ಅಲ್ಲ ಅಂದೆ. ನೀವು ನೋಡಿದ ಮೇಲೆ ಒಂದು ಮಾತು ಹೇಳಿ, ಅದರಲ್ಲಿ ಏನಿದ್ದಿರಬಹುದು?