ನಕ್ಷೆಯಿಂದ ನಂಬಿಕೆಯನ್ನು ಹೊರಗೆ ಹಾಕಿದವರು ಯಾರು?

ಪತ್ರ: ನೆಲ, ನಕ್ಷೆ, ನಂಬಿಕೆ ಮೂರನ್ನೂ ಒಟ್ಟಿಗೆ ಓದುವ ಒಂದು ಶಾಸ್ತ್ರ ಇದ್ದಿದ್ದರೆ ಹೇಗಿರುತ್ತಿತ್ತು ಅಂತ ಯೋಚಿಸಿದೆ. ‘ನೆಲಮರ್ಮ ಶಾಸ್ತ್ರ’ ಅಂತ ಹೆಸರಿಟ್ಟು ಎರಡು ವರ್ಷದ ಪಾಠಪಟ್ಟಿಯನ್ನೂ ಬರೆದೆ. ಇದೆಲ್ಲ ಸುಮ್ನೆ ತಮಾಷೆಗೆ. ನಾನು ವಿಜ್ಞಾನ ಓದಿದವನು. ಅಳತೆಗೆ ನಂಬಿಕೆ ಬೆರೆಸಿದರೆ ಎರಡೂ ಕೆಡುತ್ತವೆ, ಅಲ್ವಾ?
– ಒಬ್ಬ ಓದುಗ

ಉತ್ತರ: ನಿಮ್ಮ ಪಾಠಪಟ್ಟಿ ಓದಿ ತುಂಬಾ ಖುಷಿಯಾಯಿತು. ಕೊನೆಯ ಸಾಲುಗಳಿಗೆ ಬಂದಾಗ ಬೇಸರವಾಯಿತು. ಅಷ್ಟು ಆಸ್ಥೆಯಿಂದ ಬರೆದು, ಯಾರಾದರೂ ನಕ್ಕಾರು ಅಂತ ‘ತಮಾಷೆಗೆ’ ಅಂದುಬಿಟ್ಟಿರಲ್ಲ! ವಿಜ್ಞಾನ ಓದಿದವರು ನಾಚಿಕೊಳ್ಳುವಂಥದ್ದು ಅದರಲ್ಲಿ ಏನೂ ಇಲ್ಲ.

ನಿಮ್ಮ ಅನುಮಾನಕ್ಕೂ ಕಾರಣ ಇದೆ, ಒಪ್ಪುತ್ತೇನೆ. 1921ರಲ್ಲಿ ಇಂಗ್ಲೆಂಡಿನ ಆಲ್ಫ್ರೆಡ್ ವಾಟ್ಕಿನ್ಸ್ ಅವರಿಗೆ ಹಳೇ ದಿಬ್ಬ, ನಿಲುಗಲ್ಲು, ಚರ್ಚುಗಳೆಲ್ಲ ನಕ್ಷೆಯ ಮೇಲೆ ಒಂದೇ ಗೆರೆಯಲ್ಲಿ ಕಂಡವು. ಅವು ಹಿಂದಿನವರು ಓಡಾಡಿದ ದಾರಿಗಳು ಅಂತಷ್ಟೇ ಅವರು ಹೇಳಿದ್ದು. ಆ ಗೆರೆಗಳಲ್ಲಿ ಭೂಮಿಯ ನಿಗೂಢ ಶಕ್ತಿ ಹರಿಯುತ್ತದೆ ಅನ್ನುವ ಮಾತನ್ನು 1960ರ ದಶಕದಲ್ಲಿ ಬೇರೆಯವರು ಸೇರಿಸಿದರು. ಚುಕ್ಕೆಗಳು ಜಾಸ್ತಿ ಇದ್ದರೆ ಯಾವ ನಕ್ಷೆಯಲ್ಲೂ ನೇರ ಗೆರೆ ಸಿಕ್ಕೇ ಸಿಗುತ್ತದೆ. ಅಲ್ಲಿಗೆ ಆ ಮಾತು ಸಾಕು.

ಈಗ ಕೊರಿಯಾಕ್ಕೆ ಬನ್ನಿ. 1861ರಲ್ಲಿ ಕಿಮ್ ಜಂಗ್‌ಹೋ ಮರದ ಅಚ್ಚಿನಲ್ಲಿ ಇಡೀ ದೇಶದ ನಕ್ಷೆ ಮುದ್ರಿಸಿದರು. ಮಡಿಚಿಡುವ 22 ಪುಸ್ತಕಗಳು. ಎಲ್ಲ ಬಿಡಿಸಿ ಒಂದರ ಕೆಳಗೊಂದು ಜೋಡಿಸಿದರೆ 6 ಮೀಟರಿಗೂ ಜಾಸ್ತಿ ಎತ್ತರ. ದಾರಿಗಳ ಮೇಲೆ ದೂರ ಎಣಿಸಲು ಸಣ್ಣ ಸಣ್ಣ ಗುರುತು. ಆದರೆ ನೋಡಬೇಕಾದದ್ದು ಬೆಟ್ಟಗಳನ್ನು. ಅವು ಬಿಡಿಬಿಡಿಯಾಗಿ ನಿಂತಿಲ್ಲ. ಉತ್ತರದ ಬೆಕ್ದು ಪರ್ವತದಿಂದ ಹೊರಟ ದಪ್ಪ ಕಪ್ಪು ಗೆರೆ ಎಲ್ಲೂ ಕಡಿಯದೆ ದಕ್ಷಿಣದ ತನಕ ಇಳಿಯುತ್ತದೆ. ದಾರಿಯುದ್ದಕ್ಕೂ ಅದರಿಂದ ಕವಲುಗಳು. ದೊಡ್ಡ ಬೆಟ್ಟಸಾಲಿಗೆ ದಪ್ಪ ಗೆರೆ, ಸಣ್ಣದಕ್ಕೆ ತೆಳು ಗೆರೆ. ಬೆಟ್ಟಸಾಲುಗಳಲ್ಲಿ ನೆಲದ ಜೀವಶಕ್ತಿ ಹರಿಯುತ್ತದೆ ಅನ್ನುವುದು ಆ ಜನರ ಹಳೇ ನಂಬಿಕೆ. ಅದಕ್ಕೇ ಗೆರೆ ಕಡಿಯುವಂತಿಲ್ಲ. ಆ ಗೆರೆಗಳ ಪಕ್ಕ ನದಿಗಳನ್ನು ನೋಡಿ. ಬೆಟ್ಟದ ಗೆರೆ ನದಿಯನ್ನು ದಾಟುವುದಿಲ್ಲ. ಬಿದ್ದ ಮಳೆ ಯಾವ ಕಣಿವೆಗೆ ಇಳಿಯುತ್ತದೆ ಅನ್ನುವುದು ಒಂದೇ ನೋಟಕ್ಕೆ ತಿಳಿಯುತ್ತದೆ. ಎಲ್ಲಿ ಕಣ್ಣಿಡಬೇಕು ಅಂತ ಅಳತೆಗಾರನಿಗೆ ಹೇಳಿಕೊಟ್ಟದ್ದು ಆ ನಂಬಿಕೆಯೇ.

ಇನ್ನು, ನೀವು ಮೆಚ್ಚುವ ‘ಬರೀ ಅಳತೆ’ಯ ಕಡೆ. ಜೇಮ್ಸ್ ರೆನೆಲ್ ಬಂಗಾಳದ ಸರ್ವೇಯರ್ ಜನರಲ್ ಆಗಿದ್ದವರು, ದೊಡ್ಡ ನಕ್ಷೆಗಾರ. ನೈಜರ್ ನದಿ ದಕ್ಷಿಣದ ಸಮುದ್ರಕ್ಕೆ ಸೇರುವುದಿಲ್ಲ ಅಂತ ಅವರು ನಂಬಿದ್ದರು. ಹಾಗಿದ್ದರೆ ಅದನ್ನು ತಡೆಯುವ ಪರ್ವತಸಾಲು ಇರಲೇಬೇಕಲ್ಲ? 1798ರ ನಕ್ಷೆಯಲ್ಲಿ ಪಶ್ಚಿಮ ಆಫ್ರಿಕಾಕ್ಕೆ ಅಡ್ಡಲಾಗಿ ಕಾಂಗ್ ಪರ್ವತಗಳನ್ನು ಬರೆದೇಬಿಟ್ಟರು. ಒಬ್ಬರನ್ನು ನೋಡಿ ಒಬ್ಬರು ನಕಲು ಮಾಡಿದರು. ಸುಮಾರು 90 ವರ್ಷ ಆದಮೇಲೆ ಫ್ರೆಂಚ್ ಅಧಿಕಾರಿಯೊಬ್ಬರು ಹೋಗಿ ನೋಡಿದರೆ ಅಲ್ಲಿ ಅಂಥ ಪರ್ವತಸಾಲೇ ಇಲ್ಲ! ಕೊರಿಯಾದವರು ತಮ್ಮ ನಂಬಿಕೆಯನ್ನು ಬಾಯಿಬಿಟ್ಟು ಹೇಳಿದ್ದರು. ರೆನೆಲ್ ಅವರ ನಂಬಿಕೆ ಅಳತೆಯ ವೇಷದಲ್ಲಿತ್ತು, ಯಾರೂ ಪ್ರಶ್ನೆ ಕೇಳಲಿಲ್ಲ. ನಿಮ್ಮ ಶಾಸ್ತ್ರ ಬೇಕಿರುವುದು ಇಂಥ ಕಡೆಯೇ.

ಇನ್ನೊಂದು ಹೇಳದಿದ್ದರೆ ನನಗೆ ಸಮಾಧಾನವಿಲ್ಲ. 1997ರಲ್ಲಿ ಪಶ್ಚಿಮ ಆಸ್ಟ್ರೇಲಿಯಾದ ಗ್ರೇಟ್ ಸ್ಯಾಂಡಿ ಮರುಭೂಮಿಯ ಮೂಲನಿವಾಸಿಗಳು ತಮ್ಮ ನೆಲದ ಹಕ್ಕು ಕೇಳಲು ಕಾಗದಪತ್ರದ ಬದಲು ಒಂದು ಚಿತ್ರ ತಂದರು. 40ಕ್ಕೂ ಹೆಚ್ಚು ಜನ ಸೇರಿ ಬರೆದದ್ದು, 8 ಮೀಟರ್ ಅಗಲ, 10 ಮೀಟರ್ ಉದ್ದ. ಅದನ್ನು ನೆಲಕ್ಕೆ ಹಾಸಿದರು. ಒಬ್ಬೊಬ್ಬರೂ ತಮ್ಮ ಮನೆತನದ ನೀರಿನ ಸೆಲೆ ಇರುವ ಜಾಗದ ಮೇಲೆ ಹೋಗಿ ನಿಂತು, ತಮ್ಮ ಭಾಷೆಯಲ್ಲೇ ಸಾಕ್ಷಿ ಹೇಳಿದರು. ಆ ಸೆಲೆಗಳಲ್ಲಿ ಮಳೆ ತರುವ ಹಾವು ಇದೆ ಅಂತ ಅವರ ನಂಬಿಕೆ. ಆ ಕಥೆ ಗೊತ್ತಿದ್ದವರಿಗೆ ಮರಳುಗಾಡಿನಲ್ಲಿ ನೀರೂ ಗೊತ್ತು. 2007ರಲ್ಲಿ ಹಕ್ಕು ಸಿಕ್ಕಿತು. ಇದನ್ನು ಯಾವ ವಿಭಾಗದಲ್ಲಿ ಪಾಠ ಮಾಡುತ್ತೀರಿ? ಭೂಗೋಳವೋ, ಕಾನೂನೋ, ಧರ್ಮವೋ?

ನನ್ನ ಸಿಟ್ಟೆಲ್ಲ ಇಲ್ಲೇ ಇರುವುದು. ಪರಿಚಯದ ಹುಡುಗಿಯೊಬ್ಬಳು ಹಳೇ ಯಾತ್ರೆಯ ನಕ್ಷೆಗಳ ಮೇಲೆ ಸಂಶೋಧನೆ ಮಾಡಲು ಹೋದಳು. ಭೂಗೋಳದವರು ಇದು ಧರ್ಮದ ವಿಷಯ ಅಂದರು. ಧರ್ಮದವರು ಇದು ಭೂಗೋಳ ಅಂದರು. ಕೊನೆಗೆ ಅವಳು ಬೇರೇನೋ ಓದಿದಳು. ಜ್ಞಾನವನ್ನು ಹೀಗೆ ಬೇಲಿ ಹಾಕಿ ಹಂಚಿಕೊಂಡವರಿಗೆ ಬೇಲಿಯಾಚೆ ಏನಿದೆ ಅಂತ ಇಣುಕುವ ಕುತೂಹಲವೂ ಇಲ್ಲ. ಉತ್ತರ ಅಮೆರಿಕದ ಪಶ್ಚಿಮ ಕರಾವಳಿಯ ಜನ ಸಿಡಿಲುಹಕ್ಕಿಗೂ ತಿಮಿಂಗಿಲಕ್ಕೂ ಕಾಳಗವಾಗಿ ನೆಲ ನಡುಗಿತು, ಸಮುದ್ರ ಉಕ್ಕಿತು ಅಂತ ತಲೆಮಾರುಗಟ್ಟಲೆ ಹೇಳುತ್ತಿದ್ದರು. 1700ರ ಜನವರಿ 26ರ ಮಹಾ ಭೂಕಂಪಕ್ಕೂ ಆ ಕಥೆಗಳಿಗೂ ಇರುವ ನಂಟನ್ನು ವಿದ್ವಾಂಸರು ಗಮನಿಸಿದ್ದು ತೀರಾ ಈಚೆಗೆ. ಅಷ್ಟರಲ್ಲಿ ಕರಾವಳಿಯುದ್ದಕ್ಕೂ ಊರುಗಳು ಎದ್ದಾಗಿತ್ತು. ಕೇಳಿಸಿಕೊಳ್ಳಲು ಒಂದು ವಿಭಾಗ ಇರಲಿಲ್ಲ, ಅಷ್ಟೇ.

ನಿಮ್ಮ ಪಟ್ಟಿಯಲ್ಲಿ ಒಂದು ಕೊರತೆ ಇದೆ. ನಾಲ್ಕು ಸೆಮಿಸ್ಟರ್‌ನಲ್ಲೂ ವಿದ್ಯಾರ್ಥಿ ಕೊಠಡಿ ಬಿಟ್ಟು ಹೊರಗೇ ಬರುವುದಿಲ್ಲ. ನೆಲದ ಮೇಲೆ ನಡೆಯದೆ, ಅಲ್ಲಿನವರ ಕಥೆ ಕೇಳದೆ ಈ ಶಾಸ್ತ್ರ ಬರುವುದಿಲ್ಲ. ಮೊದಲ ಸೆಮಿಸ್ಟರ್ ಪೂರ್ತಿ ನಡಿಗೆಗೆ ಬಿಡಿ. ತಿದ್ದಿ ಕಳಿಸಿದರೆ ಮುಂದಿನ ಸಂಚಿಕೆಯಲ್ಲೇ ಹಾಕುತ್ತೇವೆ. ‘ತಮಾಷೆಗೆ’ ಅನ್ನುವ ಮಾತು ತೆಗೆದು, ಕೆಳಗೆ ನಿಮ್ಮ ಹೆಸರು ಬರೆದು ಕಳಿಸಿ.